ಹ್ಯಾನ್‌ಕಾಕ್ ಜಾಝ್ ಬಿಟ್ಟರೇ?

ಅಮೆರಿಕದ ಜಾಝ್ ಪಿಯಾನೊ ವಾದಕ ಹರ್ಬಿ ಹ್ಯಾನ್‌ಕಾಕ್ ಹೆಸರೆತ್ತಿದರೆ ಹಳೆಯ ತಕರಾರೊಂದು ಎದ್ದೇ ಏಳುತ್ತದೆ: ಅವರು ನುಡಿಸಿದ್ದೆಲ್ಲ ಜಾಝ್ ಹೌದೇ? ಕುಣಿಸುವ ತಾಳದ ಫಂಕ್, ವಿದ್ಯುನ್ಮಾನ ಸದ್ದು ಹೊರಡಿಸುವ ಸಿಂಥಸೈಜರ್, ಹಿಪ್‌ಹಾಪ್ ಎಲ್ಲ ಸೇರಿಕೊಂಡು ಈ ಜಗಳ ಗೋಜಲಾಗಿದೆ. ಮೊದಲಿನಿಂದ ಬಿಡಿಸಿ ನೋಡುವುದೇ ವಾಸಿ.

1940ರಲ್ಲಿ ಶಿಕಾಗೋದಲ್ಲಿ ಹುಟ್ಟಿದರು. ಹನ್ನೊಂದನೇ ವಯಸ್ಸಿಗೇ ಶಿಕಾಗೋ ಸಿಂಫನಿ ಆರ್ಕೆಸ್ಟ್ರಾ ಜತೆ ಮೊಜಾರ್ಟ್ ನುಡಿಸಿದರು, ಕಾಲೇಜಿನಲ್ಲಿ ಎಲೆಕ್ಟ್ರಿಕಲ್ ಎಂಜಿನಿಯರಿಂಗ್ ಬಿಟ್ಟು ಸಂಗೀತಕ್ಕೆ ಬಂದರು, 1963ರಿಂದ ಐದು ವರ್ಷ ಹೆಸರಾಂತ ಜಾಝ್ ತುತ್ತೂರಿ ವಾದಕ ಮೈಲ್ಸ್ ಡೇವಿಸ್ ತಂಡದಲ್ಲಿದ್ದರು. ಎಲೆಕ್ಟ್ರಿಕ್ ಪಿಯಾನೊ ಮುಂದೆ ಅವರನ್ನು ಕೂರಿಸಿದ್ದು ಡೇವಿಸ್ ಅವರೇ ಎಂಬುದನ್ನು ತಕರಾರಿನ ಭರದಲ್ಲಿ ಹಲವರು ಮರೆಯುತ್ತಾರೆ.

ಜಗಳ ಕಾವೇರಿದ್ದು 1973ರಲ್ಲಿ, 'ಹೆಡ್ ಹಂಟರ್ಸ್' ಆಲ್ಬಮ್‌ನಿಂದ. ಅದರ 'ಕಮೀಲಿಯನ್' ಎಂಬ ಟ್ರ್ಯಾಕ್ ಹದಿನೈದು ನಿಮಿಷಕ್ಕೂ ದೊಡ್ಡದು. ಆರಂಭದ ಆ ದಪ್ಪ ಬೇಸ್ ಸಾಲನ್ನು (ತಗ್ಗಿನ ಸ್ವರಗಳ ಸಾಲನ್ನು) ನುಡಿಸಿದ್ದು ಗಿಟಾರ್ ಅಲ್ಲ, ಸಿಂಥಸೈಜರ್ ಮೇಲಿನ ಹ್ಯಾನ್‌ಕಾಕ್ ಬೆರಳು. ಮೊದಲರ್ಧ ಎರಡೇ ಕಾರ್ಡ್‌ಗಳ (ಒಟ್ಟಿಗೆ ನುಡಿಸುವ ಸ್ವರಗುಚ್ಛಗಳ) ಮೇಲೆ ಸುತ್ತುತ್ತದೆ. ಇದು ಬರೀ ಕುಣಿತದ ಸರಕು ಎಂದವರು ದಯವಿಟ್ಟು ಮುಂದಿನ ಎಲೆಕ್ಟ್ರಿಕ್ ಪಿಯಾನೊ ಸೋಲೋವರೆಗೆ ಕಾಯಬೇಕು. ಡೇವಿಸ್ ತಂಡದಲ್ಲಿ ಕೇಳಿದ ಅದೇ ಕಿವಿ, ಅದೇ ಸ್ವರಯೋಚನೆ ಅಲ್ಲಿದೆ.

ಅದೇ ಆಲ್ಬಮ್‌ನಲ್ಲಿ ಅವರ ಹಳೆಯ 'ವಾಟರ್‌ಮೆಲನ್ ಮ್ಯಾನ್' ಕೂಡ ಬರುತ್ತದೆ. 1962ರಲ್ಲಿ ಅದನ್ನು ಕಟ್ಟಿದ್ದು ಬಾಲ್ಯದ ನೆನಪಿನಿಂದ: ಶಿಕಾಗೋದ ಕಲ್ಲುಹಾಸಿನ ಓಣಿಯಲ್ಲಿ ಕಲ್ಲಂಗಡಿ ಮಾರುವವನ ಗಾಡಿ ಚಕ್ರದ ಸದ್ದು. 1973ರಲ್ಲಿ ಅದೇ ರಾಗ ಶುರುವಾಗುವುದು ಬಿಯರ್ ಬಾಟಲಿಯಿಂದ. ತಾಳವಾದ್ಯಗಾರ ಬಿಲ್ ಸಮ್ಮರ್ಸ್ ಬಾಟಲಿ ಊದುತ್ತಾರೆ, ಊದಿನ ನಡುವೆ ಕೂಗುತ್ತಾರೆ, ಮತ್ತೆ ಊದುತ್ತಾರೆ. ಇದು ಮಧ್ಯ ಆಫ್ರಿಕಾದ ಕಾಡಿನ ಬಾ-ಬೆಂಜೆಲೆ ಜನರ 'ಹಿಂಡೆವ್ಹು' ಎಂಬ ಒಂದೇ ಸ್ವರದ ಪೀಪಿಯ ಅನುಕರಣೆ. 1966ರ ಕ್ಷೇತ್ರ ಧ್ವನಿಮುದ್ರಣದ ತಟ್ಟೆಯೊಂದರಲ್ಲಿ ಆ ಸದ್ದು ಹೊರಜಗತ್ತಿಗೆ ಬಂದಿತ್ತು. 1994ರಲ್ಲಿ ಪಾಪ್ ಗಾಯಕಿ ಮಡೋನ್ನಾ ತಮ್ಮ 'ಸ್ಯಾಂಕ್ಚುಯರಿ' ಹಾಡಿಗೆ ಹ್ಯಾನ್‌ಕಾಕ್ ಟ್ರ್ಯಾಕಿನ ತುಣುಕು ಬಳಸಿದಾಗ ಸಹರಚನಕಾರರಾಗಿ ಹ್ಯಾನ್‌ಕಾಕ್ ಹೆಸರು ಸೇರಿತು. ಆ ಸಾಲಿನಲ್ಲಿ ಕಾಡಿನವರು ಇರಲಿಲ್ಲ. ಬೆರಕೆ ಸಂಗೀತದ ಬಗ್ಗೆ ಜಗಳವಾಡುವುದಾದರೆ ನನಗೆ ಇದು ದೊಡ್ಡದಾಗಿ ಕಾಣುತ್ತದೆ. ಶುದ್ಧಿಯ ಪ್ರಶ್ನೆಗೆ ಸಿಕ್ಕ ಮಾತಿನಲ್ಲಿ ಅರ್ಧದಷ್ಟೂ ಇದಕ್ಕೆ ಸಿಕ್ಕಿಲ್ಲ.

ಮುಂದಿನದು ಬೇಗ ಹೇಳಬಹುದು. 1977ರಲ್ಲಿ, ಫಂಕ್‌ನ ಉತ್ತುಂಗದಲ್ಲೇ, ಡೇವಿಸ್ ತಂಡದ ಹಳೆಯ ಗೆಳೆಯರ ಜತೆ ಅಕೌಸ್ಟಿಕ್ ಪಿಯಾನೊ ಹಿಡಿದು ಊರೂರು ಸುತ್ತಿದರು. 1983ರ 'ರಾಕಿಟ್' ಟ್ರ್ಯಾಕ್, ತಿರುಗುವ ರೆಕಾರ್ಡನ್ನು ಟರ್ನ್‌ಟೇಬಲ್ ಮೇಲೆ ಹಿಂದೆ ಮುಂದೆ ಉಜ್ಜುವ ಹಿಪ್‌ಹಾಪ್ ಸದ್ದನ್ನು ಮನೆಮನೆಗೆ ಮುಟ್ಟಿಸಿತು. 2008ರಲ್ಲಿ ಅವರ 'ರಿವರ್' ಆಲ್ಬಮ್ 'ವರ್ಷದ ಆಲ್ಬಮ್' ಗ್ರ್ಯಾಮಿ ಪ್ರಶಸ್ತಿ ಗೆದ್ದಿತು. ಜಾಝ್ ಆಲ್ಬಮ್ ಒಂದಕ್ಕೆ ಆ ಪ್ರಶಸ್ತಿ ಬಂದು ಆಗ 43 ವರ್ಷವಾಗಿತ್ತು. ಅದರಲ್ಲಿ ನುಡಿಸಿದ್ದು ಬಹುಪಾಲು ಕೆನಡಾದ ಗಾಯಕಿ ಜಾನಿ ಮಿಚೆಲ್ ಹಾಡುಗಳು. ಪಕ್ಕದಲ್ಲಿ ಸ್ಯಾಕ್ಸೊಫೋನ್ ಹಿಡಿದಿದ್ದವರು ಡೇವಿಸ್ ತಂಡದ ಜತೆಗಾರ ವೇನ್ ಶಾರ್ಟರ್.