ಖಾಕಿ ಬಿಚ್ಚಿಸಿದ ಆದೇಶವನ್ನು ಕೋರ್ಟು ಎಷ್ಟು ಮುಟ್ಟಬಹುದು?

ಹುಬ್ಬಳ್ಳಿಯ ಸಿದ್ಧಾರೂಢ ಸ್ವಾಮೀಜಿ ರೈಲು ನಿಲ್ದಾಣದಲ್ಲಿ ಎರಡು ಥರದ ಖಾಕಿ ಕಾಣುತ್ತದೆ. ಒಂದು ಆರ್‌ಪಿಎಫ್, ಅಂದರೆ ಕೇಂದ್ರದ ರೈಲ್ವೆ ರಕ್ಷಣಾ ದಳ. ಇನ್ನೊಂದು ರಾಜ್ಯದ ರೈಲ್ವೆ ಪೊಲೀಸ್. ಇಬ್ಬರನ್ನೂ ಒಂದೇ ದಿನ ವಜಾ ಮಾಡಿದರು ಅಂದುಕೊಳ್ಳಿ. ಇಲಾಖೆಯೊಳಗಿನ ಮೇಲ್ಮನವಿ ಮುಗಿದ ಮೇಲೆ ರಾಜ್ಯದ ಪೊಲೀಸರು ಮೊದಲು ಕೆಎಟಿ, ಅಂದರೆ ರಾಜ್ಯ ನೌಕರರ ಸೇವಾ ವಿವಾದ ನೋಡುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಯ ಮೆಟ್ಟಿಲು ಹತ್ತಬೇಕು, ಹೈಕೋರ್ಟು ಆಮೇಲೆ. ಆರ್‌ಪಿಎಫ್‌ನವರು ನೇರವಾಗಿ ಹೈಕೋರ್ಟಿಗೆ ರಿಟ್ (ಸರ್ಕಾರದ ಆದೇಶವನ್ನು ಪ್ರಶ್ನಿಸುವ ಅರ್ಜಿ) ಹಾಕಬಹುದು. ಯಾಕೆ ಅಂದರೆ, 1985ರಲ್ಲಿ ಆರ್‌ಪಿಎಫ್ ಅನ್ನು ಕೇಂದ್ರದ ಸಶಸ್ತ್ರ ಪಡೆ ಎಂದು ಮಾಡಿದರು. ಅದೇ ವರ್ಷ ಬಂದ ಆಡಳಿತ ನ್ಯಾಯಮಂಡಳಿ ಕಾಯ್ದೆ ಸಶಸ್ತ್ರ ಪಡೆಗಳನ್ನು ಹೊರಗಿಟ್ಟಿತು. ಪಕ್ಕದ ಕೌಂಟರಿನಲ್ಲಿ ಟಿಕೆಟ್ ಕೊಡುವ ರೈಲ್ವೆ ಕ್ಲರ್ಕಿಗೆ ಮತ್ತೆ ಬೇರೆಯೇ ನ್ಯಾಯಮಂಡಳಿ. ಗೊಂದಲ ಜಾಸ್ತಿನೇ ಇದೆ, ಅಲ್ವಾ?

2008ರಲ್ಲಿ ಧಾರವಾಡಕ್ಕೆ ಹೈಕೋರ್ಟಿನ ಸಂಚಾರಿ ಪೀಠ ಬಂತು, 2013ರಲ್ಲಿ ಅದು ಕಾಯಂ ಆಯಿತು. ಅದಕ್ಕೂ ಮುಂಚೆ ಗದಗ, ಹಾವೇರಿಯವರು ಒಂದು ರಿಟ್‌ಗಾಗಿ ರಾತ್ರಿ ಬಸ್ಸು ಹತ್ತಿ ಬೆಂಗಳೂರಿಗೇ ಹೋಗಬೇಕಿತ್ತು. ಸಂಬಳ ನಿಂತ ಮನೆಗೆ ಆ ಖರ್ಚು ಸಣ್ಣದಲ್ಲ.

ಹೋದ ಮೇಲೆ ಕೋರ್ಟು ಏನು ನೋಡುತ್ತದೆ? ಇಲ್ಲೇ ಬಹಳ ಜನ ತಪ್ಪು ತಿಳಿಯುವುದು. ಕೇಸನ್ನು ಮೊದಲಿಂದ ಮತ್ತೆ ನಡೆಸುತ್ತಾರೆ, ಸಾಕ್ಷಿಗಳನ್ನು ಮತ್ತೆ ಕರೆಸುತ್ತಾರೆ ಎಂಬ ನಂಬಿಕೆ. ಹಾಗೇನಿಲ್ಲ. ಆಂಧ್ರದ ಒಬ್ಬ ಸಬ್ ಇನ್‌ಸ್ಪೆಕ್ಟರ್ ಪ್ರಕರಣದಲ್ಲಿ 1963ರಲ್ಲೇ ಸುಪ್ರೀಂ ಕೋರ್ಟು ಇದನ್ನು ಹೇಳಿಬಿಟ್ಟಿತು: ಇಲಾಖಾ ವಿಚಾರಣೆ ಕ್ರಿಮಿನಲ್ ಕೇಸಲ್ಲ, ಹೈಕೋರ್ಟು ಅದರ ಮೇಲಿನ ಅಪೀಲು ಕೋರ್ಟೂ ಅಲ್ಲ. ನಿಯಮದಂತೆ ವಿಚಾರಣೆ ನಡೆದಿದೆಯಾ, ಸ್ವಲ್ಪವಾದರೂ ಸಾಕ್ಷ್ಯ ಇದೆಯಾ, ಅಷ್ಟೇ.

ಹಾಗಾಗಿ ಶಿಕ್ಷೆ ಬಿದ್ದುಹೋಗುವುದು ಹೆಚ್ಚಾಗಿ ವಿಚಾರಣೆಯ ಕಡತದಲ್ಲಿನ ತೂತುಗಳಿಂದ. ಸಾಕ್ಷಿಯನ್ನು ಪಾಟೀ ಸವಾಲು ಮಾಡಲು ಬಿಡಲಿಲ್ಲ. ವಿಚಾರಣಾ ವರದಿಯ ಪ್ರತಿ ಕೊಡಲಿಲ್ಲ (1990ರ ಕೊನೆಯಿಂದ ಅದನ್ನು ಕೊಡಲೇಬೇಕು). ಹಳೆಯ ಗೈರುಹಾಜರಿಗಳನ್ನೆಲ್ಲ ನೌಕರನಿಗೆ ತಿಳಿಸದೆ ಸುಮ್ನೆ ಲೆಕ್ಕಕ್ಕೆ ಹಿಡಿದು ಶಿಕ್ಷೆ ಹೆಚ್ಚಿಸಿದರು. ಈ ಕೊನೆಯದು ತಪ್ಪು ಎಂಬ ತೀರ್ಪು ಬಂದದ್ದು ನಮ್ಮ ಮೈಸೂರು ರಾಜ್ಯದಿಂದ ಹೋದ ಪ್ರಕರಣದಲ್ಲೇ, ಅದೂ 1963ರಲ್ಲಿ. ರಜೆ ಇಲ್ಲದೆ ಊರಲ್ಲಿ ಉಳಿದ ಪ್ರಕರಣಗಳಲ್ಲಿ ವಕೀಲರು ಮೊದಲು ಹುಡುಕುವುದೂ ಇದನ್ನೇ.

ವಿಚಾರಣೆ ಸರಿಯಾಗಿಯೇ ನಡೆದಿದೆ, ಶಿಕ್ಷೆ ಮಾತ್ರ ಅತಿಯಾಯಿತು ಅಂದರೆ? ಆ ಬಾಗಿಲು ದೊಡ್ಡದಾಗಿ ತೆರೆದದ್ದು 1987ರ ರಣಜಿತ್ ಠಾಕೂರ್ ಪ್ರಕರಣದಲ್ಲಿ. ಸೇನೆಯ ಸಿಗ್ನಲ್‌ಮನ್. ಆಗಲೇ 28 ದಿನದ ಶಿಕ್ಷೆಯಲ್ಲಿದ್ದ. ಊಟ ಮಾಡು ಎಂದು ಅಪ್ಪಣೆ ಕೊಟ್ಟರೆ ಮಾಡಲಿಲ್ಲ. ಅದಕ್ಕೆ ಒಂದು ವರ್ಷ ಜೈಲು ಮತ್ತು ವಜಾ! ಮೊದಲು ಶಿಕ್ಷೆ ಕೊಟ್ಟಿದ್ದ ಅಧಿಕಾರಿಯೇ ಈ ಶಿಕ್ಷೆ ಕೊಟ್ಟ ಕೋರ್ಟ್ ಮಾರ್ಷಲ್‌ನಲ್ಲೂ (ಸೇನೆಯ ಒಳಗಿನ ನ್ಯಾಯಾಲಯ) ಕೂತಿದ್ದರು. ಗುಬ್ಬಿ ಮೇಲೆ ಬ್ರಹ್ಮಾಸ್ತ್ರ ಅನ್ನುತ್ತೇವಲ್ಲ, ಅದೇ. ಆದೇಶ ರದ್ದಾಯಿತು. ತೀರ್ಪು ಬರೆದವರು ಕನ್ನಡ ನಾಡಿನ ಎಂ.ಎನ್. ವೆಂಕಟಾಚಲಯ್ಯ.

ಸುಪ್ರೀಂ ಕೋರ್ಟಿನದೇ 1995ರ ಬಿ.ಸಿ. ಚತುರ್ವೇದಿ ತೀರ್ಪು ಆ ಬಾಗಿಲಿಗೆ ಚಿಲಕ ಹಾಕಿತು. ಶಿಕ್ಷೆ ನೋಡಿ ಕೋರ್ಟಿನ ಮನಸ್ಸಾಕ್ಷಿಗೇ ಆಘಾತವಾಗಬೇಕು, ಆಗ ಮಾತ್ರ ಕೈ ಹಾಕಬಹುದು ಎಂದಿತು. ಯಾರಿಗೆ ಎಷ್ಟು ಆಘಾತ ಆಗುತ್ತದೆ ಎಂದು ಅಳೆಯುವುದು ಹೇಗೆ? ನನಗಂತೂ ಈ ಅಳತೆ ಸಡಿಲ ಅನಿಸುತ್ತದೆ. ಸಮವಸ್ತ್ರದವರಿಗಂತೂ ಶಿಸ್ತಿನ ತೂಕ ಜಾಸ್ತಿ: ಕುಡಿದು ಡ್ಯೂಟಿಗೆ ಬಂದದ್ದು, ಮೇಲಧಿಕಾರಿಗೆ ಬೆದರಿಕೆ ಹಾಕಿದ್ದು ಇಂಥವುಗಳಲ್ಲಿ ಕೋರ್ಟು ಸುಲಭಕ್ಕೆ ಕರಗುವುದಿಲ್ಲ.

2021ರಲ್ಲಿ ಒಬ್ಬ ಸಿಆರ್‌ಪಿಎಫ್ ಕಾನ್‌ಸ್ಟೆಬಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಮತ್ತೊಂದು ಗಂಟು ಬಿಗಿಯಿತು. ಶಿಕ್ಷೆ ಅತಿಯಾಯಿತು ಅನಿಸಿದರೂ ಹೈಕೋರ್ಟು ತಾನೇ ಹೊಸ ಶಿಕ್ಷೆ ಬರೆಯಬಾರದು, ಅಪರೂಪದ ಪ್ರಕರಣ ಬಿಟ್ಟರೆ ಇಲಾಖೆಗೇ ವಾಪಸ್ ಕಳಿಸಬೇಕು. ಅಂದರೆ ಧಾರವಾಡದಲ್ಲಿ ಗೆದ್ದವರು ಕೂಡ ಎಷ್ಟೋ ಸಲ ಅದೇ ಕಚೇರಿಗೆ ಮರಳಿ, ವಜಾ ಬದಲು ಇನ್‌ಕ್ರಿಮೆಂಟ್ ಕಡಿತವೋ ಹಿಂಬಡ್ತಿಯೋ ಎಂದು ಕಾಯಬೇಕು. ನಡುವಿನ ವರ್ಷಗಳ ಸಂಬಳ ಸಿಗುತ್ತದಾ ಎಂಬುದು ಮತ್ತೆ ಬೇರೆ ಜಗಳ.