ಹಕ್ಕು ಬರೆದುಕೊಟ್ಟ ಪತ್ರದಲ್ಲಿ ಅವಧಿ ಇದೆಯೇ?

"ಪುಸ್ತಕ ಪ್ರಕಾಶಕರಿಗೆ ಕೊಟ್ಟಾಯ್ತಲ್ಲ ಸರ್, ಇನ್ನು ನನ್ನದೇನಿದೆ?" ನನ್ನ ಬಳಿ ಬರುವ ಲೇಖಕರಲ್ಲಿ ಹೆಚ್ಚಿನವರು ಮಾತು ಶುರು ಮಾಡುವುದೇ ಹೀಗೆ. ಪತ್ರದಲ್ಲಿ ಏನಿದೆ ಅಂತ ನೋಡದೆಯೇ ಕೈಚೆಲ್ಲಿ ಕೂತಿರುತ್ತಾರೆ. ಬೇಜಾರಾಗುತ್ತದೆ.

ಬಸವನಗುಡಿಯ ನಿವೃತ್ತ ಮೇಷ್ಟ್ರೊಬ್ಬರು ಅಂಥ ಒಂದು ಪತ್ರವನ್ನು ಪ್ಲಾಸ್ಟಿಕ್ ಕವರಿನಲ್ಲಿ ಜೋಪಾನವಾಗಿ ಇಟ್ಟುಕೊಂಡಿದ್ದರು. 2006ರದು. ಅರ್ಧ ಪುಟ, ಕೆಳಗೆ ರೆವಿನ್ಯೂ ಸ್ಟಾಂಪಿನ ಮೇಲೆ ಸಹಿ. "ಐದು ಸಾವಿರ ರೂಪಾಯಿ ಪಡೆದು ಈ ಕಾದಂಬರಿಯ ಎಲ್ಲ ಹಕ್ಕುಗಳನ್ನು ನಿಮಗೆ ಕೊಟ್ಟಿರುತ್ತೇನೆ." ಎಷ್ಟು ವರ್ಷಕ್ಕೆ ಅಂತ ಎಲ್ಲೂ ಇಲ್ಲ. ಈಗ ಆ ಕಾದಂಬರಿ ಒಂದು ಆ್ಯಪ್‌ನಲ್ಲಿ ಆಡಿಯೋ ಬುಕ್ ಆಗಿದೆ. ಮೊಮ್ಮಗಳು ಕೇಳಿಸಿದ ಮೇಲೆಯೇ ಅವರಿಗೆ ಗೊತ್ತಾಗಿದ್ದು.

1957ರ ಕೃತಿಸ್ವಾಮ್ಯ ಕಾಯ್ದೆಯ 19ನೇ ಸೆಕ್ಷನ್ ನೋಡಿ. ಹಕ್ಕು ಬರೆದುಕೊಟ್ಟ ಪತ್ರದಲ್ಲಿ ಅವಧಿ ಹೇಳದಿದ್ದರೆ ಅದು 5 ವರ್ಷಕ್ಕೆ ಮಾತ್ರ. ಪ್ರದೇಶ ಹೇಳದಿದ್ದರೆ ಭಾರತಕ್ಕೆ ಮಾತ್ರ. 'ಎಲ್ಲ ಹಕ್ಕು' ಅಂತ ಬರೆದಿದೆಯಲ್ಲ ಅಂತ ಎಲ್ಲರೂ ಕೇಳುತ್ತಾರೆ. ಬರೆದಿರಲಿ. ಯಾವ ಹಕ್ಕು ಎನ್ನುವುದು ಬೇರೆ, ಎಷ್ಟು ಕಾಲಕ್ಕೆ ಎನ್ನುವುದು ಬೇರೆ. ಅಚ್ಚು, ಅನುವಾದ, ಸಿನಿಮಾ ಎಲ್ಲವನ್ನೂ ಕೊಟ್ಟಿದ್ದರೂ ಕಾಲದ ಮಾತಿಲ್ಲದಿದ್ದರೆ 5 ವರ್ಷವೇ. ಮೇಷ್ಟ್ರ ಪತ್ರದ ಆಯಸ್ಸು ನನ್ನ ಪ್ರಕಾರ 2011ಕ್ಕೇ ಮುಗಿದಿತ್ತು.

ಆದರೆ 1994ರ ತಿದ್ದುಪಡಿ ಜಾರಿಗೆ ಬರುವ ಮೊದಲೇ ಬರೆದುಕೊಟ್ಟ ಪತ್ರಗಳಿಗೆ ಈ ಲೆಕ್ಕ ಅನ್ವಯಿಸುವುದಿಲ್ಲ. ಹಾಗಾಗಿ ಪತ್ರ ನೋಡದೆ ನಾನು ಯಾರಿಗೂ ಭರವಸೆ ಕೊಡುವುದಿಲ್ಲ.

ಪ್ರಕಾಶಕರೆಲ್ಲ ಮೋಸಗಾರರು ಅಂತ ನಾನು ಹೇಳುತ್ತಿಲ್ಲ. ಸಾಲ ಮಾಡಿ ಪುಸ್ತಕ ತಂದವರನ್ನು ಬಲ್ಲೆ. ಆಗ ಇಬ್ಬರಿಗೂ ಪುಸ್ತಕ ಅಂದರೆ ಅಚ್ಚಾದದ್ದೇ. ಫೋನಿನಲ್ಲಿ ಕಾದಂಬರಿ ಕೇಳುವ ಕಾಲ ಬರುತ್ತದೆ ಅಂತ ಯಾರು ಅಂದುಕೊಂಡಿದ್ದರು? 2012ರಲ್ಲಿ ಕಾಯ್ದೆಗೂ ಇದು ಸೇರಿತು: ಪತ್ರ ಮಾಡುವಾಗ ಬಳಕೆಯಲ್ಲೇ ಇಲ್ಲದ ಮಾಧ್ಯಮಕ್ಕೆ, ಅದರ ಹೆಸರು ಹೇಳದೆ ಹಕ್ಕು ವರ್ಗವಾಗುವುದಿಲ್ಲ.

ಮೇಷ್ಟ್ರು ಕೋರ್ಟಿಗೆ ಒಪ್ಪಲಿಲ್ಲ. "ನನ್ನ ಮೊದಲ ಪುಸ್ತಕ ತಂದವರಪ್ಪ ಅವರು" ಅಂದರು. ಹಾಗಾಗಿ ಪ್ರಕಾಶಕರಿಗೆ ಕಾಗದ ಬರೆದು ಹೊಸ ಕರಾರು ಕೇಳಿದೆವು. ಆಡಿಯೋಗೆ ಬೇರೆ ಪತ್ರ, ಬಂದ ಹಣದಲ್ಲಿ ಪಾಲು. ಅವರೂ ಒಪ್ಪಿದರು.

ಲೇಖಕರು ತೀರಿಕೊಂಡ ಮೇಲೂ 60 ವರ್ಷ ಕೃತಿಸ್ವಾಮ್ಯ ಉಳಿಯುತ್ತದೆ. ಅಪ್ಪನದೋ ಅಜ್ಜಿಯದೋ ಪುಸ್ತಕ ಮನೆಯಲ್ಲಿದ್ದರೆ ಹಳೇ ಕಾಗದಗಳನ್ನು ರದ್ದಿಗೆ ಹಾಕಬೇಡಿ. ಪತ್ರ ಸಿಗದಿದ್ದರೆ ಅದರ ಪ್ರತಿಯನ್ನು ಪ್ರಕಾಶಕರಿಂದಲೇ ಕೇಳಿ.