ಓದುಗರ ಪ್ರಶ್ನೆ: ಬಿಯರ್ ಕುಡಿಸಿ ಸಾಕಿದ ದನದ ಮಾಂಸವನ್ನು ಹೇಗೆ ತಿನ್ನಬೇಕು?

ಪ್ರಶ್ನೆ: ಮುಂದಿನ ತಿಂಗಳು ನಾನೂ ನನ್ನ ಪತ್ನಿಯೂ ಕ್ಯೋಟೋಗೆ ಹೋಗುತ್ತಿದ್ದೇವೆ. ಅಲ್ಲಿ ನೂರು ವರ್ಷ ಹಳೆಯ ಮರದ ಮನೆಯೊಂದರಲ್ಲಿ ವಾಗ್ಯೂ ಎಂಬ ಜಪಾನೀ ದನದ ಬೀಫಿನ ಕೈಸೇಕಿ ಊಟ ಕಾಯ್ದಿರಿಸಿದ್ದೇವೆ. ಈ ದನಗಳಿಗೆ ದಿನವೂ ಬಿಯರ್ ಕುಡಿಸಿ, ಮೈ ನೀವಿ, ಸಂಗೀತ ಕೇಳಿಸಿ ಸಾಕುತ್ತಾರಂತೆ, ಅದಕ್ಕೇ ಮಾಂಸ ಬೆಣ್ಣೆಯ ಹಾಗೆ ಕರಗುತ್ತದಂತೆ. ಅಷ್ಟು ದುಡ್ಡು ಕೊಟ್ಟ ಮೇಲೆ ಆ ರುಚಿ ಪೂರ್ತಿ ಸಿಗಬೇಕಾದರೆ ಹೇಗೆ ತಿನ್ನಬೇಕು?

ಉತ್ತರ: ಜಪಾನಿಗೆ ಹೊರಟ ಕನ್ನಡಿಗರಿಂದ ಈ ಪ್ರಶ್ನೆ ನನಗೆ ಎಷ್ಟು ಸಲ ಬಂದಿದೆಯೆಂದರೆ, ಬಿಯರ್ ಎಂಬ ಪದ ಯಾವ ಸಾಲಿನಲ್ಲಿ ಬರುತ್ತದೆಂದು ಓದುವ ಮೊದಲೇ ಹೇಳಬಲ್ಲೆ. ನಿಮ್ಮ ಕೊನೆಯ ವಾಕ್ಯಕ್ಕೆ ಉತ್ತರ ಸಣ್ಣದು, ಅದರ ಹಿಂದಿನ ವಾಕ್ಯಕ್ಕೆ ಬಹಳ ದೊಡ್ಡದು. ಸಣ್ಣದನ್ನು ಮೊದಲು ಮುಗಿಸುತ್ತೇನೆ.

ಕೈಸೇಕಿ ಎಂಬುದು ಒಂದು ತಿನಿಸಿನ ಹೆಸರಲ್ಲ, ಒಂದಾದ ಮೇಲೊಂದರಂತೆ ಬಡಿಸುವ ಕ್ರಮದ ಹೆಸರು. ಬೀಫಿನ ಕೈಸೇಕಿಯಲ್ಲಿ ಮೊದಲು ಬೆರಳಷ್ಟು ತಿನಿಸು ಬರುತ್ತದೆ. ಅದು ಸಾಮಾನ್ಯವಾಗಿ ಶುಂಠಿ ಹಾಕಿ ಸೋಯಾ ರಸದಲ್ಲಿ ಬತ್ತಿಸಿದ ಮಾಂಸದ ಚೂರು. ಆಮೇಲೆ ತಿಳಿಸಾರು, ಹುಳಿಯನ್ನದ ಉಂಡೆಯ ಮೇಲೆ ಬೆಂಕಿ ತಾಗಿಸಿಟ್ಟ ಒಂದು ತೆಳು ಹೋಳು, ಇದ್ದಿಲಿನಲ್ಲೋ ಕಾದ ಕಲ್ಲಿನ ಮೇಲೋ ಸುಟ್ಟ ಎರಡು ಮೂರು ತುಂಡು, ನಡುವೆ ವಿನೆಗರಿನಲ್ಲಿ ನೆನೆಸಿದ ತರಕಾರಿ, ಬಳಿಕ ಬಾಣಲೆಯಲ್ಲಿ ಸೋಯಾ, ಸಕ್ಕರೆ ಹಾಕಿ ಬೇಯಿಸುವ ಸುಕಿಯಾಕಿ ಅಥವಾ ತೆಳು ಹೋಳನ್ನು ಕುದಿಯುವ ನೀರಿನಲ್ಲಿ ಅಲುಗಿಸಿ ತೆಗೆಯುವ ಶಾಬು-ಶಾಬು. ಇಷ್ಟೆಲ್ಲ ಸೇರಿದರೂ ಮಾಂಸದ ಪ್ರಮಾಣ ಕಡಿಮೆಯೇ, ಮತ್ತು ಅದು ಜಿಪುಣತನವಲ್ಲ. ಇಷ್ಟು ನೆಣವಿರುವ ಮಾಂಸದ ಮೊದಲ ತುತ್ತು ಕೊಡುವ ಸುಖವನ್ನು ಆರನೆಯ ತುತ್ತು ಕೊಡುವುದಿಲ್ಲ. ಹುಳಿ, ಕಹಿ, ಶುಂಠಿಯ ಖಾರ ಇವು ನಡುನಡುವೆ ಬಂದು ನಾಲಿಗೆಯನ್ನು ತೊಳೆಯಬೇಕು. ಆದುದರಿಂದ ಬಂದದ್ದನ್ನು ಬಂದ ಕ್ರಮದಲ್ಲಿ, ಬಿಸಿ ಆರುವ ಮೊದಲು ತಿನ್ನಿ. ಮೀನಿಗೆ ಹಚ್ಚುವುದಕ್ಕಿಂತ ಎರಡರಷ್ಟು ವಸಾಬಿ ಹಚ್ಚಿ, ಏಕೆಂದರೆ ಕೊಬ್ಬು ಅದರ ಘಾಟನ್ನು ಕುಡಿದುಬಿಡುತ್ತದೆ. ಅನ್ನವನ್ನು ಮೊದಲೇ ಕೇಳಬೇಡಿ. ಅನ್ನ, ಉಪ್ಪಿನಕಾಯಿ, ಹುದುಗಿಸಿದ ಸೋಯಾ ಕಾಳಿನ ಮುದ್ದೆಯಾದ ಕೆಂಪು ಮಿಸೋದ ಸಾರು ಒಟ್ಟಿಗೆ ಬಂದವೆಂದರೆ ಇನ್ನು ಉಳಿದದ್ದು ಹಣ್ಣು ಮಾತ್ರ ಎಂದು ಅರ್ಥ.

ಸುಕಿಯಾಕಿಯ ಬಗ್ಗೆ ನಾಲ್ಕು ಮಾತು ಹೆಚ್ಚು ಹೇಳಬೇಕು, ಏಕೆಂದರೆ ಕ್ಯೋಟೋದ ಪದ್ಧತಿಯೇ ಬೇರೆ. ಟೋಕಿಯೋ ಕಡೆ ಸೋಯಾ, ಸಕ್ಕರೆ, ಸಿಹಿ ಅಕ್ಕಿಮದ್ಯಗಳನ್ನು ಮೊದಲೇ ಬೆರೆಸಿದ ರಸದಲ್ಲಿ ಮಾಂಸ ತರಕಾರಿಗಳನ್ನು ಒಟ್ಟಿಗೆ ಕುದಿಸುತ್ತಾರೆ. ಕ್ಯೋಟೋ, ಒಸಾಕಾ ಕಡೆ ಮೊದಲು ಮಾಂಸವನ್ನು ಹುರಿಯುತ್ತಾರೆ. ಕಳೆದ ಚಳಿಗಾಲದಲ್ಲಿ ಅಂಥದೊಂದು ಹಳೆಯ ಮನೆಯ ಮಹಡಿಯ ಕೋಣೆಯಲ್ಲಿ ಕುಳಿತು ಮತ್ತೊಮ್ಮೆ ಇದನ್ನು ಕಣ್ಣಿಟ್ಟು ನೋಡಿದೆ. ಬಡಿಸುವ ಹಿರಿಯ ಹೆಂಗಸು ಆಳವಿಲ್ಲದ ಬೀಡಿನ ಬಾಣಲೆಗೆ ಕೊಬ್ಬಿನ ತುಂಡೊಂದನ್ನು ಕಡ್ಡಿಗಳಲ್ಲಿ ಹಿಡಿದು ಸವರಿದರು, ಒಂದು ಚಿಟಿಕೆಯಲ್ಲ, ಒಂದು ಹಿಡಿ ಸಕ್ಕರೆ ಉದುರಿಸಿದರು, ಅದು ಅಂಚಿನಲ್ಲಿ ಕಂದಾಗತೊಡಗಿದ ಕ್ಷಣಕ್ಕೆ ಅಂಗೈಯಗಲದ ಹೋಳನ್ನು ಹಾಸಿ ಮೇಲೆ ಸೋಯಾ ಸುರಿದರು. ಚುರ್ರೆಂದ ಸದ್ದು ಇಳಿಯುವ ಮೊದಲೇ ಹೋಳನ್ನು ಮಗುಚಿ, ನಡುವೆ ಇನ್ನೂ ಗುಲಾಬಿ ಬಣ್ಣ ಇರುವಾಗಲೇ, ನನ್ನ ಬಟ್ಟಲಿನಲ್ಲಿ ಕದಡಿಟ್ಟಿದ್ದ ಹಸಿ ಮೊಟ್ಟೆಯೊಳಗೆ ಇಳಿಸಿದರು. ತರಕಾರಿ, ತೋಫು, ಅಣಬೆ ಎಲ್ಲ ಆಮೇಲೆ. ಹಸಿ ಮೊಟ್ಟೆಗೆ ಹಿಂಜರಿಯುವವರು ಬಹಳ. ಜಪಾನಿನಲ್ಲಿ ಮೊಟ್ಟೆಯ ಪೆಟ್ಟಿಗೆಯ ಮೇಲೆ ನಮೂದಿಸುವ ದಿನಾಂಕವೇ ಹಸಿಯಾಗಿ ತಿನ್ನಬಹುದಾದ ಕೊನೆಯ ದಿನದ್ದು. ಆ ಮೊಟ್ಟೆ ಕಾದ ಹೋಳಿನ ಬಿಸಿಯನ್ನೂ ಸಕ್ಕರೆಯ ತೀಕ್ಷ್ಣತೆಯನ್ನೂ ಒಟ್ಟಿಗೆ ತಗ್ಗಿಸುತ್ತದೆ. ಅದಿಲ್ಲದೆ ತಿಂದರೆ ಅರ್ಧ ಊಟ ತಿಂದ ಹಾಗೆ.

ಮನೆಯ ವಿಷಯದಲ್ಲಿ ಹೆಚ್ಚು ಹೇಳುವುದಿಲ್ಲ. ಚಪ್ಪಲಿ ಹೊರಗೆ, ಹೊಸ್ತಿಲ ಮೇಲೆ ಕಾಲಿಡಬಾರದು, ಇವು ನಮಗೆ ಯಾರೂ ಕಲಿಸಬೇಕಾದ ಸಂಗತಿಗಳಲ್ಲ. ಚಿತ್ರಸುರುಳಿ, ಹೂವು ಇಟ್ಟ ಗೂಡಿನೊಳಗೆ ಚೀಲ ಇಡಬೇಡಿ. ಅದು ತೊಕೊನೋಮಾ, ಸಾಮಾನಿಡುವ ಜಾಗವಲ್ಲ.

ಈಗ ಬಿಯರಿನ ವಿಷಯಕ್ಕೆ ಬರುತ್ತೇನೆ. ಈ ಕಥೆ ಹೋಟೆಲುಗಳ ಮೆನುವಿನಿಂದ ಪ್ರವಾಸಿಗರ ವಿಡಿಯೋಗಳಿಗೆ, ಅಲ್ಲಿಂದ ಮತ್ತೆ ಮೆನುವಿಗೆ ಸುತ್ತುತ್ತಲೇ ಇದೆ, ಮತ್ತು ಅದನ್ನು ಹೇಳುವವರಲ್ಲಿ ದನ ಸಾಕಿದವರನ್ನು ನಾನು ಕಂಡಿಲ್ಲ. ಕಥೆಗೆ ಆಧಾರವೇ ಇಲ್ಲವೆಂದಲ್ಲ. ಮಿಎ ಪ್ರಾಂತ್ಯದ ಮಾತ್ಸುಸಾಕಾ ಕಡೆ, ಬೇಸಗೆಯ ಸೆಕೆಗೆ ಕೊಬ್ಬಿದ ದನ ಮೇವು ಬಿಟ್ಟಾಗ, ಹಸಿವು ಕೆರಳಿಸಲೆಂದು ಕೆಲವು ರೈತರು ಬಿಯರ್ ಕುಡಿಸುತ್ತಿದ್ದದ್ದು ನಿಜ. ಇಕ್ಕಟ್ಟಾದ ಕೊಟ್ಟಿಗೆಯಲ್ಲಿ ಕಟ್ಟಿಹಾಕಿದ ದನದ ಮೈಗೆ ಶೋಚು ಎಂಬ ಮದ್ಯವನ್ನು ಎರಚಿ ಹುಲ್ಲಿನ ಕುಚ್ಚಿನಿಂದ ಉಜ್ಜುತ್ತಿದ್ದದ್ದೂ ನಿಜ. ಅದು ಕೂದಲು ನಯವಾಗಲಿ, ರಕ್ತ ಸಂಚಾರ ಚೆನ್ನಾಗಿರಲಿ ಎಂಬ ಕಾರಣಕ್ಕೆ, ವಿಶೇಷವಾಗಿ ಪ್ರದರ್ಶನಕ್ಕೆ ಒಯ್ಯುವ ದನಕ್ಕೆ ಮಾಡುತ್ತಿದ್ದ ಉಪಚಾರ. ಕೆಲವರು ಇಂದಿಗೂ ಮಾಡುತ್ತಾರೆ. ಇಷ್ಟನ್ನು ಹಿಡಿದುಕೊಂಡು ಇಡೀ ದೇಶದ ದನಗಳೆಲ್ಲ ಹಾಗೇ ಬೆಳೆಯುತ್ತವೆಂದು ಹೇಳುವುದು, ಜ್ವರ ಬಂದ ಮಗುವಿಗೆ ಕೊಟ್ಟ ಕಷಾಯವನ್ನು ಊರಿನವರೆಲ್ಲರ ದಿನದ ಊಟವೆಂದು ಬರೆದಂತೆ.

ಕಾರಣಕ್ಕೂ ಕಾರ್ಯಕ್ಕೂ ಹೊಂದುತ್ತದೆಯೇ ಎಂದು ಒಂದು ನಿಮಿಷ ಯೋಚಿಸಿ ನೋಡಿ. ಜಪಾನಿನ ದೊಡ್ಡ ಬಿಯರ್ ಬಾಟಲಿ 633 ಮಿಲಿಲೀಟರಿನದು. ಅದರಲ್ಲಿರುವ ಶಕ್ತಿ ಒಂದು ಕಿಲೋ ಹಿಂಡಿಯ ಹತ್ತನೆಯ ಒಂದು ಪಾಲಿನ ಆಸುಪಾಸಿನದು, ದನವೋ ದಿನಕ್ಕೆ ಹಲವು ಕಿಲೋ ಹಿಂಡಿ ಕಾಳು ತಿನ್ನುವ ಪ್ರಾಣಿ. ಅಷ್ಟು ಬಿಯರ್ ಮಾಂಸದ ಗುಣವನ್ನು ಬದಲಿಸಲಾರದು. ಇನ್ನು ಮೈ ನೀವುವುದರಿಂದ ಚರ್ಮದಡಿಯ ಕೊಬ್ಬು ಸ್ನಾಯುವಿನ ಒಳಗೆ ಇಳಿಯುವುದಿಲ್ಲ. ಹಾಗೆ ಇಳಿಯುವುದಾದರೆ ಎಣ್ಣೆ ಹಚ್ಚಿ ಮೈ ತೀಡಿಸಿಕೊಳ್ಳುವ ಗರಡಿಮನೆಯ ಪೈಲ್ವಾನರ ತೋಳಿನಲ್ಲೆಲ್ಲ ನೆಣ ತುಂಬಬೇಕಾಗಿತ್ತು. ಸ್ನಾಯುವಿನ ಎಳೆಗಳ ನಡುವಿನ ಕೊಬ್ಬು ಅಲ್ಲಿಯೇ ಹುಟ್ಟುವ ಕೋಶಗಳಲ್ಲಿ ಶೇಖರವಾಗುತ್ತದೆ, ಮತ್ತು ಅದನ್ನು ನಿರ್ಧರಿಸುವುದು ವಂಶ, ಮೇವು, ಕಾಲ.

ವಂಶದ ಕಥೆ ಬಿಯರಿನ ಕಥೆಗಿಂತ ಎಷ್ಟೋ ರೋಚಕವಾಗಿದ್ದರೂ ಅದನ್ನು ಯಾರೂ ಕೇಳುವುದಿಲ್ಲ. ಹ್ಯೋಗೋ ಪ್ರಾಂತ್ಯದ ಉತ್ತರಕ್ಕೆ ತಾಜಿಮಾ ಎಂಬ ಬೆಟ್ಟಸೀಮೆಯಿದೆ. ಅಲ್ಲಿನ ಕಡಿದಾದ ಮೆಟ್ಟಿಲುಗದ್ದೆಗಳನ್ನು ಉಳಲು ಮೈಯಲ್ಲಿ ಸಣ್ಣದಾದ, ಚುರುಕಾದ ಕರಿಯ ದನಗಳಿದ್ದವು. ಮನೆಯವರು ಇರುವ ಸೂರಿನಡಿಯಲ್ಲೇ ಅವುಗಳ ಕೊಟ್ಟಿಗೆಯೂ ಇರುತ್ತಿತ್ತು. ಕಣಿವೆಯಿಂದ ಕಣಿವೆಗೆ ಓಡಾಟ ಕಡಿಮೆಯಾದ್ದರಿಂದ ಒಂದೊಂದು ಕಣಿವೆಯ ದನವೂ ತನ್ನ ರಕ್ತವನ್ನು ಉಳಿಸಿಕೊಂಡಿತು. 1868ರಲ್ಲಿ ಶುರುವಾದ ಮೇಜಿ ಕಾಲದಲ್ಲಿ ಯುರೋಪಿನ ಹೋರಿಗಳನ್ನು ತಂದು ಮಿಶ್ರ ತಳಿ ಮಾಡುವ ಉತ್ಸಾಹದಲ್ಲಿ ಈ ದನಗಳು ಬಹುತೇಕ ಕಳೆದೇಹೋದಾಗ, ಒಳನಾಡಿನ ಕಣಿವೆಗಳಲ್ಲಿ ಉಳಿದಿದ್ದ ಶುದ್ಧ ತಳಿಯಿಂದಲೇ ಮತ್ತೆ ಬೆಳೆಸಬೇಕಾಯಿತು. 1939ರಲ್ಲಿ ಅದೇ ಸೀಮೆಯ ಓಜಿರೋ ಎಂಬಲ್ಲಿ ತಾಜಿರಿ ಎಂಬ ಹೋರಿಕರು ಹುಟ್ಟಿತು. ಇಂದು ಜಪಾನಿನಲ್ಲಿ ಕರು ಹಾಕುವ ಕರಿಯ ವಾಗ್ಯೂ ಹಸುಗಳಲ್ಲಿ ನೂರಕ್ಕೆ 99.9ರಷ್ಟು ಆ ಒಂದು ಹೋರಿಯ ಸಂತತಿ ಎಂದು ಅಲ್ಲಿನ ತಳಿ ನೋಂದಣಿ ಸಂಘ ದಾಖಲೆಗಳನ್ನು ತಾಳೆ ಹಾಕಿ ಕಂಡುಕೊಂಡಿದೆ. ಉಳುವ ದನಕ್ಕೆ ಶಕ್ತಿಯನ್ನು ಸ್ನಾಯುವಿನೊಳಗೇ ಕೂಡಿಟ್ಟುಕೊಳ್ಳುವ ಗುಣ ಇತ್ತು. ನಿಮ್ಮ ತಟ್ಟೆಯಲ್ಲಿ ಕಾಣುವ ಬಿಳಿಯ ಜಾಲ ಆ ಗುಣದ ಫಲ. ಜಪಾನೀಯರು ಅದನ್ನು ಶಿಮೊಫುರಿ, ಅಂದರೆ ಹಿಮದ ಹುಡಿ ಉದುರಿದಂತಿರುವುದು, ಎನ್ನುತ್ತಾರೆ.

ಮೇವು ಮತ್ತು ಕಾಲ ಆ ಗುಣವನ್ನು ಹೊರಗೆ ತರುತ್ತವೆ. ಒಂಬತ್ತು ತಿಂಗಳ ಆಸುಪಾಸಿನಲ್ಲಿ ಕರು ಹರಾಜಿಗೆ ಬರುತ್ತದೆ. ಕೊಂಡವನು ಅದನ್ನು ಸುಮಾರು ಇಪ್ಪತ್ತು ತಿಂಗಳು ಬಾರ್ಲಿ, ಮೆಕ್ಕೆಜೋಳ, ಬೂಸಾ, ಭತ್ತದ ಒಣಹುಲ್ಲು ಹಾಕಿ ಬೆಳೆಸುತ್ತಾನೆ. ಅಮೆರಿಕದ ಮಾಂಸದ ದನ ಒಂದೂವರೆ ವರ್ಷದ ಆಸುಪಾಸಿನಲ್ಲಿ ಕಸಾಯಿಖಾನೆಗೆ ಹೋದರೆ ಇದು ಎರಡೂವರೆ ವರ್ಷ ಬದುಕುತ್ತದೆ. ಹಸಿರು ಹುಲ್ಲಿನ ಬದಲು ಒಣಹುಲ್ಲು ಏಕೆಂದರೆ, ಬೆಳೆಯುವ ನಡುವಿನ ತಿಂಗಳುಗಳಲ್ಲಿ ಎ ಜೀವಸತ್ತ್ವ ಕಡಿಮೆಯಾದರೆ ಸ್ನಾಯುವಿನೊಳಗೆ ನೆಣ ಹೆಚ್ಚುತ್ತದೆ. ಆದರೆ ಅದು ಅತಿಯಾದರೆ ದನದ ಕೀಲು ಊದುತ್ತದೆ, ಕಣ್ಣು ಹೋಗುತ್ತದೆ. ಆ ಗಡಿಯನ್ನು ದಾಟದಂತೆ ಪ್ರತಿದಿನ ದನದ ಮುಖ ನೋಡಿ ಮೇವು ಅಳೆಯುವುದೇ ರೈತನ ನಿಜವಾದ ವಿದ್ಯೆ. ಮಸಾಜಿನ ಕಥೆ ನನಗೆ ಬೇಸರ ತರುವುದು ಇದಕ್ಕಾಗಿಯೇ. ಅದು ಈ ವಿದ್ಯೆಯನ್ನು ಪೂರ್ತಿ ಮರೆಸಿ, ದನ ಸುಖವಾಗಿ ಮಲಗಿದ್ದರಿಂದ ಮಾಂಸ ಮೃದುವಾಯಿತೆಂದು ನಂಬಿಸುತ್ತದೆ. ಬಾಯಲ್ಲಿ ಕರಗುವುದಕ್ಕೂ ಕಾರಣ ಸ್ಪಷ್ಟವಿದೆ. ಈ ತಳಿಯ ಕೊಬ್ಬಿನಲ್ಲಿ ಒಲೀಕ್ ಆಮ್ಲ ಹೆಚ್ಚು, ಹಾಗಾಗಿ ಅದು ಬೇರೆ ದನದ ಕೊಬ್ಬಿಗಿಂತ ಕಡಿಮೆ ಬಿಸಿಗೇ ಕರಗುತ್ತದೆ.

ವಾಗ್ಯೂ ಎಂದರೆಲ್ಲ ಕೋಬೆ ಎಂಬ ಇನ್ನೊಂದು ತಪ್ಪನ್ನೂ ಇಲ್ಲೇ ತಿದ್ದುತ್ತೇನೆ. ವಾಗ್ಯೂ ಎಂಬುದರಲ್ಲಿ ನಾಲ್ಕು ತಳಿಗಳಿವೆ. ಕೋಬೆ ಎನ್ನಿಸಿಕೊಳ್ಳಬೇಕಾದರೆ ಅದು ತಾಜಿಮಾ ವಂಶದ, ಹ್ಯೋಗೋದಲ್ಲೇ ಹುಟ್ಟಿ ಬೆಳೆದು ಕಡಿಯಲ್ಪಟ್ಟ, ಕರು ಹಾಕದ ಕಡಸು ಅಥವಾ ಬೀಜ ಒಡೆದ ಹೋರಿಯಾಗಿರಬೇಕು, ಮತ್ತು ನೆಣದ ಅಳತೆಯಲ್ಲಿ 12ಕ್ಕೆ ಕನಿಷ್ಠ 6 ಪಡೆದಿರಬೇಕು. ಆ ಮಾಂಸ ಜಪಾನಿನಿಂದ ಹೊರಕ್ಕೆ ರಫ್ತಾಗತೊಡಗಿದ್ದೇ 2012ರಲ್ಲಿ. ಅದಕ್ಕೆ ಮೊದಲು ಬೇರೆ ದೇಶದ ಹೋಟೆಲಿನಲ್ಲಿ ಕೋಬೆ ತಿಂದೆನೆಂದು ಹೇಳುವ ಬಂಧುಗಳು ತಿಂದದ್ದು ಬೇರೇನನ್ನೋ.

ಇದನ್ನೆಲ್ಲ ನೀವೇ ಪರೀಕ್ಷಿಸಬಹುದು. 2003ರ ಕಾನೂನಿನಂತೆ ಜಪಾನಿನ ಪ್ರತಿಯೊಂದು ದನಕ್ಕೂ ಕಿವಿಯೋಲೆಯಲ್ಲಿ ಹತ್ತು ಅಂಕಿಯ ಸಂಖ್ಯೆಯಿದೆ, ಮತ್ತು ಸುಕಿಯಾಕಿ, ಶಾಬು-ಶಾಬು, ಸ್ಟೇಕ್ ಮುಖ್ಯವಾಗಿ ಮಾರುವ ಮನೆಗಳು ಆ ಸಂಖ್ಯೆಯನ್ನು ಗಿರಾಕಿಗೆ ತೋರಿಸಬೇಕು. ನಾನು ಹೇಳಿದ ಆ ಮಹಡಿಯ ಊಟದಲ್ಲಿ ಸಂಖ್ಯೆಯನ್ನು ಫೋನಿನಲ್ಲಿ ಹಾಕಿ ನೋಡಿದೆ. ಕರಿಯ ತಳಿ, ಹೆಣ್ಣು, ಹುಟ್ಟಿದ ತಾರೀಖು, ಯಾವ ಪ್ರಾಂತ್ಯದಿಂದ ಯಾವ ಪ್ರಾಂತ್ಯಕ್ಕೆ ಯಾವಾಗ ಹೋಯಿತು, ಯಾವಾಗ ಕಡಿದರು ಎಂಬುದೆಲ್ಲ ನಾಲ್ಕು ಸಾಲಿನಲ್ಲಿತ್ತು. ಹೋಳನ್ನು ಮೊಟ್ಟೆಯಲ್ಲಿ ಅದ್ದುವ ಮೊದಲು ಸ್ವಲ್ಪ ಹೊತ್ತು ಸುಮ್ಮನೆ ಕುಳಿತಿದ್ದೆ.

ಜೊತೆಗೆ ಬರುವವರಲ್ಲಿ ಮಾಂಸ ತಿನ್ನದವರಿದ್ದರೆ ಕಾಯ್ದಿರಿಸುವಾಗಲೇ ಹೇಳಿ, ಮನೆಯ ಬಾಗಿಲಲ್ಲಿ ನಿಂತು ಹೇಳಬೇಡಿ. ಬೀಫ್ ತೆಗೆದರೂ ಸಾರಿನ ತಳಹದಿಯಲ್ಲಿ ಒಣಮೀನಿನ ರಸ ಇದ್ದೇ ಇರುತ್ತದೆ, ಅದನ್ನು ಬದಲಿಸಲು ಅಡುಗೆಯವರಿಗೆ ಮೊದಲೇ ತಿಳಿದಿರಬೇಕು.

ಕೊನೆಗೆ, ಯಾರೂ ಕೇಳದ, ಆದರೆ ಹಳೆಯ ಮನೆಯಲ್ಲಿ ಕುಳಿತವರು ಕೇಳಲೇಬೇಕಾದ ಪ್ರಶ್ನೆಯೊಂದಿದೆ: ಈ ಊಟ ಎಷ್ಟು ಹಳೆಯದು? ಕ್ರಿ.ಶ. 675ರಲ್ಲಿ ತೆನ್ಮು ಚಕ್ರವರ್ತಿ ಬೇಸಾಯದ ತಿಂಗಳುಗಳಲ್ಲಿ ದನ, ಕುದುರೆ, ನಾಯಿ, ಕೋತಿ, ಕೋಳಿಗಳ ಮಾಂಸವನ್ನು ನಿಷೇಧಿಸಿದ. ಬೌದ್ಧ ಭಾವನೆಯೂ, ಉಳುವ ದನ ಮನೆಯ ಆಳಿನಂತೆ ಎಂಬ ರೈತನ ಭಾವನೆಯೂ ಸೇರಿ ಜನ ಸಾವಿರ ವರ್ಷಕ್ಕೂ ಮಿಕ್ಕಿ ಬೀಫನ್ನು ದೂರವೇ ಇಟ್ಟರು. ಹಿಕೋನೆಯ ಪಾಳೆಯಗಾರರು ಮಿಸೋದಲ್ಲಿ ಹದ ಮಾಡಿದ ಬೀಫನ್ನು ದೇಶವಾಳುವ ಸೇನಾಧಿಪತಿಯಾದ ಶೋಗನ್ನನಿಗೆ ಕಳುಹಿಸುತ್ತಿದ್ದರಾದರೂ ಅದು ಮದ್ದಿನ ಹೆಸರಿನಲ್ಲಿ. 1872ರಲ್ಲಿ ಮೇಜಿ ಚಕ್ರವರ್ತಿ ತಾನು ಬೀಫ್ ತಿಂದದ್ದನ್ನು ಪ್ರಕಟಪಡಿಸಿದ. ಅದನ್ನು ಸಹಿಸದ ಪರ್ವತ ವ್ರತಧಾರಿಗಳ ಗುಂಪೊಂದು ಅದೇ ವರ್ಷ ಅರಮನೆಗೆ ನುಗ್ಗಲು ಹೋಗಿ, ಅವರಲ್ಲಿ ಕೆಲವರು ಪ್ರಾಣ ಕಳೆದುಕೊಂಡರು. ಮರುವರ್ಷ, 1873ರಲ್ಲಿ, ಕ್ಯೋಟೋದ ಟೆರಾಮಾಚಿ ಬೀದಿಯಲ್ಲಿ ಮಿಶಿಮಾ-ತೇಯ್ ಶುರುವಾಯಿತು. ಕೆಳಗೆ ಮಾಂಸದ ಅಂಗಡಿ, ಮೇಲೆ ತತಾಮಿ ಚಾಪೆ ಹಾಸಿದ ಕೋಣೆಗಳಲ್ಲಿ ಸುಕಿಯಾಕಿ ಎಂಬ ಅದರ ವ್ಯವಸ್ಥೆ ಇಂದಿಗೂ ಹಾಗೇ ಇದೆ.

ಆ ಮೊದಲ ವರ್ಷಗಳಲ್ಲಿ ಮನೆಯಲ್ಲೇ ಬೀಫ್ ಬೇಯಿಸಲು ಧೈರ್ಯ ಮಾಡಿದವರು ದೇವರ ಗೂಡಿಗೆ ಬಿಳಿ ಕಾಗದ ಅಂಟಿಸಿ ಮುಚ್ಚುತ್ತಿದ್ದರು, ಅಂಗಳದಲ್ಲಿ ಬೇರೆ ಒಲೆ ಹೂಡುತ್ತಿದ್ದರು, ಆ ಪಾತ್ರೆಯನ್ನು ಮತ್ತೆ ಅಡುಗೆಮನೆಗೆ ಸೇರಿಸುತ್ತಿರಲಿಲ್ಲ. ನೀವು ಊಟಕ್ಕೆ ಕೂರುವ ಮನೆ ನೂರು ವರ್ಷದ್ದು ಎಂದಿದ್ದೀರಿ. ಅದನ್ನು ಕಟ್ಟಿಸಿದವರ ಹೆತ್ತವರು ತಮ್ಮ ಬಾಲ್ಯದಲ್ಲಿ ಬೀಫ್ ಬೇಯುವ ವಾಸನೆಯನ್ನು ಒಮ್ಮೆಯೂ ಕಂಡಿರದವರಾಗಿರಬಹುದು.